ಸೆಕೆಂಡ್ ಹ್ಯಾಂಡ್ ಟರ್ಬೊ ಹ್ಯಾಚ್‌ಬ್ಯಾಕ್: ಓದುಗರ ಪ್ರಶ್ನೆ, ನಮ್ಮ ಉತ್ತರ

ಚಿಕ್ಕ ಕಾರು, ಚಿಕ್ಕ ಇಂಜಿನ್, ಅದಕ್ಕೊಂದು ಟರ್ಬೊ. ಇಂಥ ಕಾರನ್ನು ಸೆಕೆಂಡ್ ಹ್ಯಾಂಡ್ ಕೊಳ್ಳಬಹುದೇ, ಕೊಂಡರೆ ಹೇಗೆ ಸಾಕಬೇಕು ಎಂದು ಕೇಳಿ ಬಂದ ಪತ್ರಗಳಿಗೆ ಈ ಸಲದ ಅಂಕಣ ಮೀಸಲು. ಇಲ್ಲಿರುವುದೆಲ್ಲ ಪೆಟ್ರೋಲ್ ಟರ್ಬೊ ಕುರಿತದ್ದು.

ಪ್ರಶ್ನೆ: ಎರಡು ಕಾರು ನೋಡಿಟ್ಟಿದ್ದೇನೆ. ಎರಡೂ ಒಂದೇ ಮಾಡೆಲ್, 7 ವರ್ಷ ಹಳೆಯವು, 1.4 ಲೀಟರ್ ಟರ್ಬೊ. ಒಂದು 45,000 ಕಿ.ಮೀ. ಓಡಿದೆ, ಸರ್ವಿಸ್ ಬಿಲ್ ಒಂದೂ ಇಲ್ಲ. ಇನ್ನೊಂದು 92,000 ಓಡಿದೆ, ಮೊದಲ ಸರ್ವಿಸ್‌ನಿಂದ ಎಲ್ಲ ಬಿಲ್ಲುಗಳೂ ಇವೆ. ಮನೆಯಲ್ಲಿ ಎಲ್ಲರೂ ಕಡಿಮೆ ಓಡಿದ್ದನ್ನೇ ತಗೋ ಅನ್ನುತ್ತಿದ್ದಾರೆ. ನೀವೇನು ಹೇಳುತ್ತೀರಿ?

ಉತ್ತರ: 92,000 ಓಡಿದ ಕಾರನ್ನೇ ತೆಗೆದುಕೊಳ್ಳಿ. ಟರ್ಬೊ ಇಲ್ಲದ ಇಂಜಿನ್ ಆಗಿದ್ದರೆ ಸ್ವಲ್ಪ ಅಳೆದು ತೂಗಬಹುದಿತ್ತು. ಇಲ್ಲಿ ಅದಕ್ಕೆ ಜಾಗವಿಲ್ಲ.

ಕಾರಣ ಟರ್ಬೊದ ಒಳಗೇ ಇದೆ. ಸೈಲೆನ್ಸರ್ ಕಡೆಗೆ ಹೋಗುವ ಬಿಸಿ ಹೊಗೆ ಒಂದು ಚಕ್ರವನ್ನು ತಿರುಗಿಸುತ್ತದೆ. ಅದೇ ಶಾಫ್ಟಿನ ಇನ್ನೊಂದು ತುದಿಯ ಚಕ್ರ ಗಾಳಿಯನ್ನು ಒತ್ತಿ ಇಂಜಿನ್ನಿಗೆ ತುಂಬುತ್ತದೆ. ಚಿಕ್ಕ ಕಾರಿನ ಟರ್ಬೊದಲ್ಲಿ ಆ ಶಾಫ್ಟ್ ನಿಮಿಷಕ್ಕೆ 2 ಲಕ್ಷ ಸುತ್ತು ದಾಟುತ್ತದೆ, ಹೊಗೆಯ ಕಡೆಯ ಬಿಸಿ ಗಾಡಿ ಎಳೆಯುವಾಗ 900 ಡಿಗ್ರಿ ಸೆಲ್ಸಿಯಸ್ ಮೀರುತ್ತದೆ. ಇಷ್ಟು ವೇಗದಲ್ಲಿ ತಿರುಗುವ ಶಾಫ್ಟನ್ನು ಬಹುತೇಕ ಟರ್ಬೊಗಳಲ್ಲಿ ಎತ್ತಿ ಹಿಡಿದಿರುವುದು ಬಾಲ್ ಬೇರಿಂಗ್ ಅಲ್ಲ, ತಲೆಗೂದಲಿಗಿಂತ ತೆಳುವಾದ ಆಯಿಲ್ ಪದರ. ಆಯಿಲ್ ಹಳತಾಗಿ ಸುಟ್ಟರೆ ಕರಿ ಕಟ್ಟುತ್ತದೆ. ಟರ್ಬೊಗೆ ಆಯಿಲ್ ತರುವ ಪೈಪು ಸಣ್ಣದು, ಕರಿ ಮೊದಲು ಕಟ್ಟುವುದು ಅದರೊಳಗೇ. ಆಯಿಲ್ ಬರುವುದು ಕಡಿಮೆಯಾದಂತೆ ಶಾಫ್ಟ್ ಸವೆಯುತ್ತದೆ, ಚಕ್ರದ ರೆಕ್ಕೆ ಗೋಡೆಗೆ ಉಜ್ಜುತ್ತದೆ, ಟರ್ಬೊ ಹೋಗುತ್ತದೆ. ಮೀಟರಿನಲ್ಲಿ ಎಷ್ಟು ಓಡಿದೆ ಅನ್ನುವುದಕ್ಕಿಂತ ಎಷ್ಟು ಸಲ ಆಯಿಲ್ ಬದಲಾಯಿತು ಅನ್ನುವುದೇ ಇದರ ನಿಜವಾದ ವಯಸ್ಸು.

ಇನ್ನೊಂದು ಲೆಕ್ಕವನ್ನೂ ಮಾಡಿ. 7 ವರ್ಷಕ್ಕೆ 45,000 ಅಂದರೆ ವರ್ಷಕ್ಕೆ ಸುಮಾರು 6,400 ಕಿ.ಮೀ. ಅದು ದಿನಾ ಮೂರು ನಾಲ್ಕು ಕಿಲೋಮೀಟರಿನ ಓಡಾಟವಾಗಿದ್ದರೆ ಇಂಜಿನ್ ಪೂರ್ತಿ ಬಿಸಿಯಾಗಿಯೇ ಇಲ್ಲ. ಅಂಥ ಓಡಾಟದಲ್ಲಿ ಪೆಟ್ರೋಲೂ ನೀರಿನಾಂಶವೂ ಆಯಿಲ್‌ಗೆ ಸೇರಿ ಅದನ್ನು ತೆಳುವಾಗಿಸುತ್ತವೆ. ಕಡಿಮೆ ಓಡಿದ ಟರ್ಬೊ ಕಾರಿಗೆ ವರ್ಷಕ್ಕೊಮ್ಮೆ ಆಯಿಲ್ ಬದಲಾಗಿರಲೇಬೇಕು, ಕಿಲೋಮೀಟರ್ ಎಷ್ಟೇ ಇರಲಿ.

ಬಿಲ್ ಇವೆ ಎಂದ ಮಾತ್ರಕ್ಕೆ ಸುಮ್ಮನಾಗಬೇಡಿ, ಓದಿ. ಎರಡು ಆಯಿಲ್ ಚೇಂಜ್ ನಡುವಿನ ಅಂತರ ನೋಡಿ. ಕೆಲವು ಕಂಪನಿಗಳ ದೀರ್ಘಾವಧಿ ವೇಳಾಪಟ್ಟಿಯಲ್ಲಿ 30,000 ಕಿ.ಮೀ. ಅಥವಾ 2 ವರ್ಷ ಎಂದಿರುತ್ತದೆ. ಅದನ್ನು ಪಾಲಿಸಿದವರು ತಪ್ಪು ಮಾಡಿಲ್ಲ, ಆದರೂ ಟರ್ಬೊ ದೃಷ್ಟಿಯಿಂದ ಅದು ತೀರಾ ಉದ್ದ. 10,000 ಕಿ.ಮೀ. ಒಳಗೆ ಬದಲಿಸುತ್ತ ಬಂದ ಕಾರು ಸಿಕ್ಕರೆ ಬಿಡಬೇಡಿ. ಬಿಲ್ಲಿನಲ್ಲಿ ಬರೀ ‘ಆಯಿಲ್’ ಎಂದಿದೆಯೋ, ಕಂಪನಿ ಹೇಳಿದ ದರ್ಜೆಯ ನಮೂದಿದೆಯೋ ನೋಡಿ. ಸ್ಪಾರ್ಕ್ ಪ್ಲಗ್, ಕೂಲೆಂಟ್, ಆಟೊಮ್ಯಾಟಿಕ್ ಆಗಿದ್ದರೆ ಗೇರ್‌ಬಾಕ್ಸ್ ಆಯಿಲ್, ಇವು ಯಾವಾಗ ಬದಲಾದವು ಎಂದು ಹುಡುಕಿ. ಪ್ರತಿ ಬಿಲ್ಲಿನ ಕಿಲೋಮೀಟರನ್ನು ತಾರೀಖಿನ ಪ್ರಕಾರ ಸಾಲಾಗಿ ಬರೆದುಕೊಂಡರೆ ಮೀಟರ್ ತಿರುಗಿಸಿದ್ದರೂ ಅಲ್ಲೇ ಗೊತ್ತಾಗುತ್ತದೆ.

ಪ್ರಶ್ನೆ: ಕಾರು ನೋಡಲು ಹೋದ ದಿನ ನಾನೇ ಏನೇನು ಪರೀಕ್ಷೆ ಮಾಡಬಹುದು? ಮೆಕ್ಯಾನಿಕ್ ಕೆಲಸ ಗೊತ್ತಿಲ್ಲ, ಆದರೆ ಕಣ್ಣು ಕಿವಿ ಚುರುಕಾಗಿವೆ.

ಉತ್ತರ: ಕಣ್ಣು ಕಿವಿಯೇ ಮುಕ್ಕಾಲು ಕೆಲಸ ಮಾಡುತ್ತವೆ. ಒಂದೇ ಷರತ್ತು: ಇಂಜಿನ್ ತಣ್ಣಗಿರಬೇಕು. ಮಾರುವವರಿಗೆ ಮೊದಲೇ ಹೇಳಿಡಿ, ನಾವು ಬರುವ ತನಕ ಸ್ಟಾರ್ಟ್ ಮಾಡಬೇಡಿ ಎಂದು. ಹೋದ ತಕ್ಷಣ ಬಾನೆಟ್ ಮುಟ್ಟಿ ನೋಡಿ. ಬಿಸಿಯಿದ್ದರೆ ಇನ್ನೊಂದು ದಿನ ಬರುತ್ತೇವೆ ಎಂದು ವಾಪಸ್ ಬನ್ನಿ. ಇಂಜಿನ್ನಿನ ವಾಲ್ವುಗಳನ್ನು ಹೊತ್ತಿಗೆ ಸರಿಯಾಗಿ ನಡೆಸುವ ಟೈಮಿಂಗ್ ಚೈನಿನ ಸದ್ದು, ಆಯಿಲ್ ಉರಿಯುವ ನೀಲಿ ಹೊಗೆ, ಸಿಲಿಂಡರ್ ಸರಿಯಾಗಿ ಉರಿಯದ ಮಿಸ್ಸಿಂಗ್, ಈ ಮೂರೂ ಮುಖ ತೋರಿಸುವುದು ತಣ್ಣನೆಯ ಸ್ಟಾರ್ಟಿನಲ್ಲಿ. ಬಿಸಿಯಾದ ಮೇಲೆ ಮುಚ್ಚಿಹೋಗುತ್ತವೆ.

ಸ್ಟಾರ್ಟ್ ಮಾಡುವ ಮುನ್ನ ಡಿಪ್‌ಸ್ಟಿಕ್ ಎಳೆದು ನೋಡಿ. ಆಯಿಲ್ ಕೆಳಗಿನ ಗುರುತಿಗಿಂತ ಕಡಿಮೆಯಿದ್ದರೆ ಆ ಮಾಲೀಕರು ಬಾನೆಟ್ ಎತ್ತುವವರಲ್ಲ. ಮೇಲಿನ ಗುರುತು ದಾಟಿದ್ದು ಪೆಟ್ರೋಲ್ ವಾಸನೆ ಬಂದರೆ ಪೆಟ್ರೋಲ್ ಆಯಿಲ್‌ಗೆ ಸೇರುತ್ತಿದೆ. ಆಯಿಲ್ ಹಾಕುವ ಮುಚ್ಚಳ ತೆಗೆದು ಒಳಗೆ ಟಾರ್ಚ್ ಬಿಡಿ. ಜೇನಿನ ಬಣ್ಣದ ತೆಳು ಲೇಪ ಸಹಜ. ಕಪ್ಪು ಗಸಿ ಕಂಡರೆ ಅಲ್ಲಿಗೇ ಮಾತು ಮುಗಿಸಿ. ಕೂಲೆಂಟ್ ಟ್ಯಾಂಕಿನಲ್ಲಿ ಮಟ್ಟ ಸರಿಯಿರಬೇಕು, ತುಕ್ಕಿನ ಬಣ್ಣ ಇರಬಾರದು, ಮೇಲೆ ಜಿಡ್ಡು ತೇಲಬಾರದು.

ಈಗ ಸೆಲ್ಫ್ ಹೊಡೆಯುವುದನ್ನು ಬೇರೆಯವರಿಗೆ ಬಿಟ್ಟು ನೀವು ಬಾನೆಟ್ ಪಕ್ಕ ನಿಲ್ಲಿ. ಚೈನಿರುವ ಇಂಜಿನ್ನಿನಲ್ಲಿ ಮೊದಲ ಒಂದೆರಡು ಸೆಕೆಂಡು ಡಬ್ಬಿಯೊಳಗೆ ಮೊಳೆ ಅಲ್ಲಾಡಿಸಿದಂಥ ಸದ್ದು ಬಂದರೆ ಚೈನ್ ಉದ್ದವಾಗಿದೆ ಅಥವಾ ಅದನ್ನು ಬಿಗಿಯಾಗಿಡುವ ಟೆನ್ಷನರ್ ಸೋತಿದೆ. ಆ ಸದ್ದನ್ನು ‘ಎಲ್ಲ ಕಾರಿಗೂ ಬರುತ್ತೆ’ ಎಂದು ಯಾರು ಹೇಳಿದರೂ ಒಪ್ಪಬೇಡಿ. ಹಿಂದೆ ಹೋಗಿ ಹೊಗೆ ನೋಡಿ. ಚಳಿಯಲ್ಲಿ ಬಿಳಿ ಹಬೆ ಬಂದು ಬೇಗ ಕರಗುವುದು ಸಹಜ. ಇಂಜಿನ್ ಬಿಸಿಯಾದ ಮೇಲೂ ಬಿಳಿ ಹೊಗೆ ನಿಲ್ಲದಿದ್ದರೆ ಕೂಲೆಂಟ್ ಉರಿಯುತ್ತಿರಬಹುದು.

ಐಡ್ಲಿಂಗ್‌ನಲ್ಲಿ ಆಯಿಲ್ ಮುಚ್ಚಳವನ್ನು ಮೆಲ್ಲಗೆ ಎತ್ತಿ. ತುಸು ಎಳೆದಂತಾದರೆ ಪರವಾಗಿಲ್ಲ. ಎತ್ತಲಾಗದಷ್ಟು ಹಿಡಿದುಕೊಂಡರೆ ಅಥವಾ ಶಿಳ್ಳೆ ಹೊಡೆದರೆ ಇಂಜಿನ್ನಿನ ಉಸಿರಾಟದ ಕವಾಟದ, ಅಂದರೆ ಪಿಸಿವಿಯ, ರಬ್ಬರ್ ಹರಿದಿದೆ. ಇದು ದೊಡ್ಡ ಖರ್ಚಲ್ಲ. ಒಳಗಿನಿಂದ ರಭಸವಾಗಿ ಹಬೆ ಹೊರಗೆ ನುಗ್ಗಿದರೆ ಪಿಸ್ಟನ್ ರಿಂಗ್ ಸವೆದಿರುವ ಸೂಚನೆ, ಅದು ದೊಡ್ಡ ಖರ್ಚು.

ಓಡಿಸುವಾಗ ಮೊದಲ 10 ಕಿ.ಮೀ. ಸಾವಧಾನವಾಗಿ ಹೋಗಿ. ಬಿಸಿಯಾದ ಮೇಲೆ ಸುರಕ್ಷಿತವಾದ ಖಾಲಿ ರಸ್ತೆಯಲ್ಲಿ 4ನೇ ಗೇರಿನಲ್ಲಿ 2,500 ಸುತ್ತಿನಿಂದ ಪೂರ್ತಿ ಆಕ್ಸಿಲರೇಟರ್ ಒತ್ತಿ. ಎಳೆತ ಒಂದೇ ಸಮ ಏರಬೇಕು. ಮಧ್ಯೆ ಕುಕ್ಕಿದರೆ ಪ್ಲಗ್ ಅಥವಾ ಅದಕ್ಕೆ ಕಿಡಿಯ ವೋಲ್ಟೇಜ್ ಕೊಡುವ ಕಾಯಿಲ್. ಸುತ್ತು ಸರ್ರನೆ ಏರಿ ವೇಗ ಏರದಿದ್ದರೆ ಕ್ಲಚ್ ಸ್ಲಿಪ್. ಉಸ್ಸೆಂದು ಗಾಳಿ ಸೋರಿ ಪಿಕಪ್ ಕಡಿಮೆಯಾದರೆ ಹೋಸ್. ಸೈರನ್ ಥರದ ಕೂಗು ಬಂದು ಅದು ದಿನೇ ದಿನೇ ಹೆಚ್ಚುತ್ತಿದೆ ಅನ್ನುವ ಕಾರಾದರೆ ಟರ್ಬೊ ರೆಕ್ಕೆ ಉಜ್ಜುತ್ತಿರಬಹುದು. ಹಾಗೆಂದು ಸಣ್ಣ ಶಿಳ್ಳೆಗೆ ಹೆದರಬೇಡಿ, ಅದು ಟರ್ಬೊದ ಸಹಜ ದನಿ.

ಕೊನೆಗೆ ಕಾರಿನ ಕಂಪ್ಯೂಟರಿಗೆ ಸ್ಕ್ಯಾನರ್ ಹಾಕಿಸಿ. ದೋಷದ ಕೋಡ್ ಇಲ್ಲ ಅನ್ನುವುದಷ್ಟೇ ಸಾಲದು, ಸ್ವಯಂ ಪರೀಕ್ಷೆಗಳು ಪೂರ್ತಿಯಾಗಿವೆಯೇ ನೋಡಿ. ಹಲವು ಪರೀಕ್ಷೆಗಳು ‘ಅಪೂರ್ಣ’ ಎಂದು ತೋರಿಸಿದರೆ ಹೆಚ್ಚಾಗಿ ನೀವು ಬರುವ ಮುನ್ನ ಯಾರೋ ಕೋಡ್ ಅಳಿಸಿದ್ದಾರೆ ಅಥವಾ ಬ್ಯಾಟರಿ ತೆಗೆದಿದ್ದಾರೆ. ಕಂಪ್ಯೂಟರ್ ಪೆಟ್ರೋಲನ್ನು ಎಷ್ಟು ಹೆಚ್ಚು ಕಡಿಮೆ ಮಾಡುತ್ತಿದೆ ಎಂದು ಹೇಳುವ ಫ್ಯೂಯಲ್ ಟ್ರಿಮ್ ಎಂಬ ಅಂಕಿಯೂ ಅಲ್ಲೇ ಸಿಗುತ್ತದೆ. ದೀರ್ಘಾವಧಿಯದು 5 ಶೇಕಡಾ ಆಚೀಚೆ ಇದ್ದರೆ ಚೆನ್ನ, 10 ದಾಟಿದರೆ ಎಲ್ಲೋ ಗಾಳಿ ಅಥವಾ ಪೆಟ್ರೋಲಿನ ಲೆಕ್ಕ ತಪ್ಪಿದೆ.

ಪ್ರಶ್ನೆ: ಟರ್ಬೊಗೆ ಹೋಗುವ ಹೋಸ್ ಬಿಚ್ಚಿ ನೋಡಿದೆ. ಒಳಗೆ ಆಯಿಲ್ ಪಸೆ ಇದೆ, ಶಾಫ್ಟ್ ಸ್ವಲ್ಪ ಅಲ್ಲಾಡುತ್ತದೆ. ಟರ್ಬೊ ಕೆಟ್ಟಿದೆಯೇ?

ಉತ್ತರ: ಅಷ್ಟರಿಂದಲೇ ಕೆಟ್ಟಿದೆ ಅನ್ನಲಾಗದು. ಇಂಜಿನ್ನಿನ ಉಸಿರಾಟದ ಆವಿ ಆ ಹೋಸಿಗೇ ಬಂದು ಸೇರುವುದರಿಂದ ತೆಳು ಪಸೆ ಸಹಜ. ಹೋಸ್ ಬಗ್ಗಿಸಿದಾಗ ಆಯಿಲ್ ಸುರಿದರೆ ಸಹಜವಲ್ಲ.

ಶಾಫ್ಟಿನ ಆಟವನ್ನು ಎರಡು ದಿಕ್ಕಿನಲ್ಲಿ ನೋಡಬೇಕು. ಮೇಲೆ ಕೆಳಗೆ ತುಸು ಅಲ್ಲಾಡುವುದು ಇಂಥ ಬೇರಿಂಗಿನ ಗುಣ. ಇಂಜಿನ್ ಓಡುವಾಗ ಆಯಿಲ್ ಬಂದು ಆ ಸಂದನ್ನು ತುಂಬುತ್ತದೆ. ಆದರೆ ಪಕ್ಕಕ್ಕೆ ಒತ್ತಿ ತಿರುಗಿಸಿದಾಗ ರೆಕ್ಕೆ ಗೋಡೆಗೆ ತಾಗಬಾರದು. ಒಳಗೆ ಹೊರಗೆ, ಅಂದರೆ ಶಾಫ್ಟಿನ ಉದ್ದಕ್ಕೆ, ಬೆರಳಿಗೆ ಗೊತ್ತಾಗುವಷ್ಟು ಚಲಿಸಿದರೆ ಥ್ರಸ್ಟ್ ಬೇರಿಂಗ್ ಹೋಗಿದೆ. ರೆಕ್ಕೆಗಳ ಅಂಚು ಚೂಪಾಗಿ ಸಮವಾಗಿರಬೇಕು. ಅಂಚು ಕಚ್ಚಿದಂತಿದ್ದರೆ ಏರ್ ಫಿಲ್ಟರ್ ದಾಟಿ ಏನೋ ಒಳಗೆ ಹೋಗಿದೆ. ಈ ಪರೀಕ್ಷೆ ಇಂಜಿನ್ ಆಫ್ ಆಗಿ ತಣ್ಣಗಾದ ಮೇಲೆ ಮಾತ್ರ.

ಪ್ರಶ್ನೆ: ಯಾವ ಇಂಜಿನ್ ಒಳ್ಳೆಯದು? ಚೈನ್ ಇರುವುದೋ ಬೆಲ್ಟ್ ಇರುವುದೋ? ‘ಚೈನ್ ಆದರೆ ಇಂಜಿನ್ ಇರೋತನಕ ಚಿಂತೆಯಿಲ್ಲ’ ಅನ್ನುತ್ತಾರೆ.

ಉತ್ತರ: ಆ ಮಾತನ್ನು ನಂಬಿ ಬಹಳ ಜನ ಇಂಜಿನ್ ಕಳೆದುಕೊಂಡಿದ್ದಾರೆ. ವಾಲ್ವುಗಳನ್ನು ನಡೆಸುವ ಈ ಕೆಲಸಕ್ಕೆ ಚೈನ್ ಚೆನ್ನಾಗಿದ್ದರೆ ಚೆನ್ನ, ಸೋಲುವ ವಿನ್ಯಾಸವಾದರೆ ಬೆಲ್ಟಿಗಿಂತ ಕಷ್ಟ, ಯಾಕೆಂದರೆ ಬೆಲ್ಟಿಗೆ ಬದಲಿಸುವ ದಿನವಾದರೂ ಬರೆದಿರುತ್ತದೆ.

ಫೋಕ್ಸ್‌ವ್ಯಾಗನ್ ಬಳಗದ 1.2 ಮತ್ತು 1.4 ಟಿಎಸ್‌ಐ ಇಂಜಿನ್ನುಗಳಲ್ಲಿ ಇಎ111 ಎಂಬ ಹಳೆಯ ಪೀಳಿಗೆಗೆ ಚೈನ್ ಇದೆ. ಚೈನ್ ಉದ್ದವಾಗುವುದು ಇದರ ಹೆಸರಾಂತ ದೋಷ. ಮುಂದಿನ ಇಎ211 ಪೀಳಿಗೆಯಲ್ಲಿ ಅದೇ ಕಂಪನಿ ಹಲ್ಲಿನ ಬೆಲ್ಟಿಗೆ ಬಂತು. ಎರಡರಲ್ಲಿ ಒಂದನ್ನು ಆರಿಸುವ ಅವಕಾಶ ಇದ್ದರೆ ಇಎ211 ಆರಿಸಿ. ಇಂಜಿನ್ನಿನ ತಿರುಗುವಿಕೆಯಿಂದಲೇ ಗಾಳಿ ಒತ್ತುವ ಸೂಪರ್‌ಚಾರ್ಜರ್ ಮತ್ತು ಟರ್ಬೊ ಎರಡೂ ಇರುವ 1.4 ಲೀಟರಿನ ಇಂಜಿನ್, 2010ರಲ್ಲಿ ಬಂದ ಪೋಲೋ ಜಿಟಿಐಯಲ್ಲಿ ಇದ್ದದ್ದು, ಓಡಿಸಲು ತುಂಬಾ ಖುಷಿ ಕೊಡುತ್ತದೆ. ಆದರೆ ಪಿಸ್ಟನ್ನಿನಲ್ಲಿ ರಿಂಗ್ ಕೂರುವ ಅಂಚು ಮುರಿಯುವುದು, ಆಯಿಲ್ ಕುಡಿಯುವುದು ಅದರ ಹಳೆಯ ರೋಗಗಳು. ಸಿಲಿಂಡರಿನ ಒತ್ತಡ ಅಳೆಯುವ ಕಂಪ್ರೆಷನ್ ಟೆಸ್ಟ್ ಇಲ್ಲದೆ ಅದನ್ನು ಕೊಳ್ಳಬೇಡಿ.

ಬಿಎಂಡಬ್ಲ್ಯು ಮತ್ತು ಪ್ಯೂಜೋ ಬಳಗ ಸೇರಿ ಮಾಡಿದ 1.6 ಟರ್ಬೊ ಮಿನಿ ಕೂಪರ್ ಎಸ್‌ನಲ್ಲೂ ಪ್ಯೂಜೋ ಹ್ಯಾಚ್‌ಗಳಲ್ಲೂ ಇದೆ. ಮೊದಲ ಆವೃತ್ತಿಗಳಲ್ಲಿ ಚೈನ್ ಟೆನ್ಷನರ್, ಹೈ ಪ್ರೆಷರ್ ಪೆಟ್ರೋಲ್ ಪಂಪ್, ವಾಲ್ವ್ ಮೇಲಿನ ಕರಿ, ಮೂರನ್ನೂ ನೋಡಬೇಕು. ಗಾಲ್ಫ್ ಜಿಟಿಐ 5ನೇ ಪೀಳಿಗೆಯ 2.0 ಇಂಜಿನ್ನಿನಲ್ಲಿ ಪೆಟ್ರೋಲ್ ಪಂಪನ್ನು ಒತ್ತುವ ಚಿಕ್ಕ ಬಟ್ಟಲಿನಂಥ ಫಾಲೋವರ್ ಸವೆದು ತೂತಾಗುತ್ತದೆ. ಆಮೇಲೆ ವಾಲ್ವು ತೆರೆಯುವ ಕ್ಯಾಮ್‌ಶಾಫ್ಟನ್ನೇ ತಿನ್ನುತ್ತದೆ. ಪಂಪ್ ಬಿಚ್ಚಿದರೆ ಕಾಣುವ ಭಾಗ ಅದು, ಕೊಳ್ಳುವ ಮುನ್ನ ಬಿಚ್ಚಿಸಿ ನೋಡುವುದು ಸಾಧ್ಯ.

ಫೋರ್ಡ್ ಫಿಯೆಸ್ಟಾ ಎಸ್‌ಟಿಯ 1.6 ಇಕೋಬೂಸ್ಟ್‌ಗೆ ಒಣ ಬೆಲ್ಟ್. ಅಲ್ಲಿ ಕೂಲೆಂಟ್ ಕಡೆ ಗಮನ ಬೇಕು: ಕೂಲೆಂಟ್ ಸರಿಯಾಗಿ ಹರಿಯದೆ ಹೆಡ್ ಬಿರುಕು ಬಿಡುವ ಸಾಧ್ಯತೆಗಾಗಿ 2017ರಲ್ಲಿ ಕಂಪನಿ 1.6 ಇಕೋಬೂಸ್ಟ್ ಇರುವ ಹಲವು ಕಾರುಗಳನ್ನು ವಾಪಸ್ ಕರೆಸಿತ್ತು. ನೀವು ನೋಡುವ ಕಾರಿಗೆ ಆ ಕೆಲಸ ಅನ್ವಯಿಸುತ್ತದೆಯೇ, ಆಗಿದೆಯೇ ಎಂದು ಚಾಸಿ ನಂಬರ್ ಕೊಟ್ಟು ವಿಚಾರಿಸಿ. ಸುಜುಕಿ ಸ್ವಿಫ್ಟ್ ಸ್ಪೋರ್ಟ್‌ನ 1.4 ಬೂಸ್ಟರ್‌ಜೆಟ್‌ಗೆ ಚೈನ್ ಇದೆ, ಕಾರೂ ಹಗುರ. ಹಗುರ ಕಾರಿನಲ್ಲಿ ಕ್ಲಚ್, ಬ್ರೇಕ್, ಟೈರ್ ಎಲ್ಲವೂ ಹೆಚ್ಚು ಬಾಳುತ್ತವೆ, ಅದನ್ನು ಕಡೆಗಣಿಸಬೇಡಿ.

ಮೂರನೆಯ ಜಾತಿ ಆಯಿಲ್‌ನಲ್ಲೇ ಮುಳುಗಿ ಓಡುವ ಬೆಲ್ಟ್. ಫೋರ್ಡ್ 1.0 ಇಕೋಬೂಸ್ಟ್‌ನ ಮೊದಲ ಆವೃತ್ತಿ, ಪ್ಯೂಜೋ ಸಿಟ್ರೊಯೆನ್‌ಗಳ 1.2 ಪ್ಯೂರ್‌ಟೆಕ್ ಇವೆರಡರಲ್ಲೂ ಹೀಗಿದೆ. ತಪ್ಪು ಆಯಿಲ್, ಪೆಟ್ರೋಲ್ ಬೆರೆತ ಆಯಿಲ್, ತಡವಾದ ಆಯಿಲ್ ಚೇಂಜ್, ಇವು ಬೆಲ್ಟಿನ ರಬ್ಬರನ್ನು ಊದಿಸಿ ಉದುರಿಸುತ್ತವೆ. ಉದುರಿದ ಚೂರುಗಳು ಆಯಿಲ್ ಪಂಪಿನ ಜರಡಿಗೆ ಸಿಕ್ಕಿ ಒತ್ತಡ ಇಳಿಯುತ್ತದೆ. ಬೆಲ್ಟ್ ಹರಿಯುವ ಮೊದಲೇ ಟರ್ಬೊ ಆಯಿಲ್ ಇಲ್ಲದೆ ಸಾಯಬಹುದು. ಇಕೋಬೂಸ್ಟ್‌ನ ಮೂಲ ವೇಳಾಪಟ್ಟಿಯಲ್ಲಿ 10 ವರ್ಷ ಅಥವಾ 2,40,000 ಕಿ.ಮೀ. ಎಂದಿದೆ. ಅಷ್ಟು ಕಾಯುವ ಧೈರ್ಯ ಬೇಡ. ಪ್ಯೂರ್‌ಟೆಕ್‌ನಲ್ಲಿ ಆಯಿಲ್ ಮುಚ್ಚಳದ ಮೂಲಕ ಅಳತೆ ಪಟ್ಟಿ ಇಳಿಸಿ ಬೆಲ್ಟ್ ಅಗಲವಾಗಿ ಊದಿದೆಯೇ ಎಂದು ನೋಡಬಹುದು. ಬೆಲ್ಟ್ ಬದಲಿಸಿದ ಬಿಲ್ ಇದ್ದರೆ ಅದರಲ್ಲಿ ಜರಡಿ ತೊಳೆದ ಕೆಲಸವೂ ಇದೆಯೇ ನೋಡಿ.

ಪ್ರಶ್ನೆ: ಡ್ಯುಯಲ್ ಕ್ಲಚ್ ಆಟೊಮ್ಯಾಟಿಕ್ ತಗೊಳ್ಳಬಹುದಾ?

ಉತ್ತರ: ಒಣ ಕ್ಲಚ್ಚೋ ಆಯಿಲ್‌ನಲ್ಲಿ ಮುಳುಗಿದ ಕ್ಲಚ್ಚೋ ಎಂದು ಮೊದಲು ಕೇಳಿ. ಫೋಕ್ಸ್‌ವ್ಯಾಗನ್ ಬಳಗದ 7 ಗೇರಿನ ಡಿಕ್ಯೂ200 ಒಣ ಕ್ಲಚ್ಚಿನದು. ಉರುಳಾಡುವ ಟ್ರಾಫಿಕ್ಕಿನಲ್ಲಿ ಕ್ಲಚ್ ಬಿಸಿಯಾಗಿ ನಡುಗುತ್ತದೆ, ಮೆಕಾಟ್ರಾನಿಕ್ ಎಂಬ ನಿಯಂತ್ರಣ ಘಟಕವೂ ತೊಂದರೆ ಕೊಟ್ಟಿದೆ. ಬಿಸಿಯಾದ ಮೇಲೆ 1ರಿಂದ 2ನೇ ಗೇರಿಗೆ, ಹಾಗೆಯೇ ಸಣ್ಣ ಏರಿನಲ್ಲಿ ರಿವರ್ಸ್, ಎರಡರಲ್ಲೂ ನಡುಕ ಇರಬಾರದು. 6 ಗೇರಿನ ಡಿಕ್ಯೂ250 ಆಯಿಲ್‌ನಲ್ಲಿ ಮುಳುಗಿದ್ದು, ಗಟ್ಟಿ, ಆದರೆ ಪ್ರತಿ 60,000 ಕಿ.ಮೀ.ಗೆ ಅದರ ಆಯಿಲ್, ಫಿಲ್ಟರ್ ಬದಲಾಗಬೇಕು. ಆ ಬಿಲ್ ಇಲ್ಲದಿದ್ದರೆ ಬೆಲೆ ಮಾತಾಡುವಾಗ ಅದನ್ನು ಮುಂದಿಡಿ. ಮ್ಯಾನುವಲ್ ಸಿಕ್ಕರೆ, ಹಳೆಯ ಕಾರಿಗೆ ಅದೇ ನೆಮ್ಮದಿ.

ಪ್ರಶ್ನೆ: ನೋಡಿದ ಕಾರು ರೀಮ್ಯಾಪ್ ಆಗಿದೆ. ‘ಪವರ್ ಜಾಸ್ತಿ, ಮೈಲೇಜೂ ಜಾಸ್ತಿ’ ಅನ್ನುತ್ತಾರೆ ಮಾಲೀಕರು. ತೆಗೆದುಕೊಳ್ಳಲೇ?

ಉತ್ತರ: ರೀಮ್ಯಾಪ್ ಅಂದರೆ ಇಂಜಿನ್ ಕಂಪ್ಯೂಟರಿನ ಸಾಫ್ಟ್‌ವೇರ್ ಬದಲಿಸಿ ಪವರ್ ಹೆಚ್ಚಿಸುವುದು. ಯಾರು ಮಾಡಿದರು, ಯಾವ ಆಕ್ಟೇನ್ ಪೆಟ್ರೋಲಿಗೆ ಮಾಡಿದರು, ಮಾಡಿದ ಮೇಲೆ ಏನೇನು ಬದಲಿಸಿದರು, ಈ ಮೂರಕ್ಕೂ ಕಾಗದದ ಮೇಲೆ ಉತ್ತರ ಸಿಕ್ಕರೆ ಮಾತ್ರ ಮುಂದುವರಿಯಿರಿ. ಹೆಚ್ಚಿನ ಆಕ್ಟೇನಿಗೆ ಬರೆದ ಮ್ಯಾಪ್‌ಗೆ ಕಡಿಮೆ ಆಕ್ಟೇನಿನ ಪೆಟ್ರೋಲ್ ಹಾಕಿದರೆ ನಾಕ್ ಆಗುತ್ತದೆ, ಅಂದರೆ ಪೆಟ್ರೋಲ್ ತಾನಾಗಿಯೇ ಸಿಡಿದು ಬಡಿಯುತ್ತದೆ. ನಾಕ್ ಸೆನ್ಸರ್ ಕಿಡಿಯನ್ನು ತಡವಾಗಿಸಿ ಕಾಪಾಡಲು ನೋಡುತ್ತದೆ, ಅದಕ್ಕೂ ಒಂದು ಮಿತಿಯಿದೆ. ಟರ್ಬೊ ಇಂಜಿನ್ನಿನಲ್ಲಿ ಹೆಚ್ಚುವ ಟಾರ್ಕ್, ಅಂದರೆ ತಿರುಗಿಸುವ ಬಲ, ಮೊದಲು ಮುರಿಯುವುದು ಕ್ಲಚ್ಚನ್ನು, ಆಮೇಲೆ ಅದರ ಪಕ್ಕದ ಎರಡು ಭಾಗದ ಭಾರದ ಚಕ್ರವನ್ನು, ಅಂದರೆ ಡ್ಯುಯಲ್ ಮಾಸ್ ಫ್ಲೈವೀಲನ್ನು. ಆಫ್ ಮಾಡುವಾಗ ಗೇರ್‌ಬಾಕ್ಸ್ ಕಡೆಯಿಂದ ಕಟಕಟ ಸದ್ದು ಬಂದರೆ ಫ್ಲೈವೀಲ್ ಸವೆದಿರಬಹುದು.

ಹೇಳದೆ ಮಾಡಿಸಿದ ರೀಮ್ಯಾಪೂ ಇರುತ್ತದೆ, ಮಾರುವ ಮುನ್ನ ತೆಗೆಸಿಯೂ ಇರುತ್ತಾರೆ. ಟರ್ಬೊ ಒತ್ತಿದ ಗಾಳಿಯನ್ನು ತಣ್ಣಗಾಗಿಸುವ ಇಂಟರ್‌ಕೂಲರ್ ಪೈಪಿಗೆ ಕಂಪನಿಯದಲ್ಲದ ಸಿಲಿಕೋನ್ ಹೋಸ್, ಏರ್ ಫಿಲ್ಟರ್ ಡಬ್ಬಿಯ ಸ್ಕ್ರೂಗಳ ಮೇಲೆ ಹೊಸ ಗೀರು, ಟರ್ಬೊ ಒತ್ತಡ ತೋರಿಸುವ ಬೂಸ್ಟ್ ಮೀಟರ್ ಕೂರಿಸಿದ್ದ ತೂತಿನ ಗುರುತು, ವಯಸ್ಸಿಗೆ ಮೊದಲೇ ಹೊಸದಾದ ಕ್ಲಚ್, ಇವು ಜೊತೆಯಾಗಿ ಕಂಡರೆ ನೇರವಾಗಿ ಕೇಳಿ. ಕೆಲವು ಇಸಿಯುಗಳು, ಅಂದರೆ ಇಂಜಿನ್ ಕಂಪ್ಯೂಟರುಗಳು, ಎಷ್ಟು ಸಲ ಸಾಫ್ಟ್‌ವೇರ್ ಬರೆಯಲಾಯಿತು ಎಂಬ ಎಣಿಕೆಯನ್ನು ಇಟ್ಟುಕೊಂಡಿರುತ್ತವೆ, ಕಂಪನಿಯ ಸ್ಕ್ಯಾನರಿಗೆ ಅದು ಸಿಗುತ್ತದೆ.

ಪ್ರಶ್ನೆ: ಕಾರು ಕೊಂಡು ಎರಡು ತಿಂಗಳಾಯಿತು. ಒಮ್ಮೆಲೇ ಪಿಕಪ್ ಹೋಗಿದೆ, ಸ್ಕ್ಯಾನರಿನಲ್ಲಿ ಪಿ0299 ಬಂತು. ಗ್ಯಾರೇಜಿನವರು ಟರ್ಬೊ ಬದಲಿಸಬೇಕು ಅನ್ನುತ್ತಿದ್ದಾರೆ.

ಉತ್ತರ: ಈಗಲೇ ಒಪ್ಪಬೇಡಿ. ಪಿ0299 ಹೇಳುವುದು ಇಷ್ಟೇ: ಇಂಜಿನ್ ಕೇಳಿದಷ್ಟು ಒತ್ತಡದ ಗಾಳಿ ಬರುತ್ತಿಲ್ಲ. ಯಾಕೆ ಬರುತ್ತಿಲ್ಲ ಎಂದು ಅದು ಹೇಳುವುದಿಲ್ಲ. ಟರ್ಬೊ ಕೊನೆಯ ಅನುಮಾನವಾಗಿರಲಿ.

ಮೊದಲು ಟರ್ಬೊದಿಂದ ಇಂಟರ್‌ಕೂಲರಿಗೆ, ಅಲ್ಲಿಂದ ಇಂಜಿನ್ನಿಗೆ ಗಾಳಿ ಬಿಡುವ ಥ್ರಾಟಲ್ಲಿಗೆ ಹೋಗುವ ಹೋಸುಗಳ ಉದ್ದಕ್ಕೂ ಕೈಯಾಡಿಸಿ. ಕೆಳಗಿನ ಬದಿಯಲ್ಲಿ ಜಿಡ್ಡು ಕಂಡ ಕಡೆ ಸೀಳಿರುತ್ತದೆ ಅಥವಾ ಕ್ಲಾಂಪ್ ಸಡಿಲವಿರುತ್ತದೆ. ಕಣ್ಣಿಗೆ ಕಾಣದಿದ್ದರೆ ಗಾಳಿ ತುಂಬಿಸಿ ನೋಡಿಸಿ: ಇಂಜಿನ್ ಆಫ್, ಟರ್ಬೊದ ಗಾಳಿ ಎಳೆಯುವ ಬಾಯಿಗೆ ಮುಚ್ಚಳ ಬಿಗಿದು, ರೆಗ್ಯುಲೇಟರ್ ಮೂಲಕ 0.7 ಬಾರ್, ಅಂದರೆ ಸುಮಾರು 10 ಪಿಎಸ್‌ಐ ಮೀರದಂತೆ ಗಾಳಿ ಬಿಟ್ಟು, ಪ್ರತಿ ಜಾಯಿಂಟಿಗೂ ಸೋಪಿನ ನೀರು ಹಚ್ಚಬೇಕು. ಗುಳ್ಳೆ ಎದ್ದ ಕಡೆ ಸೋರಿಕೆ. ಗಾಳಿಯ ಅಳತೆಯನ್ನು ಫಿಲ್ಟರಿನ ಬಳಿಯೇ ಮಾಡುವ ಇಂಜಿನ್ ಆದರೆ ಇನ್ನೊಂದು ಸುಳಿವೂ ಇದೆ. ಅಳೆದ ಗಾಳಿ ದಾರಿಯಲ್ಲಿ ಸೋರಿಹೋಗುವುದರಿಂದ ಪೆಟ್ರೋಲ್ ಹೆಚ್ಚಾಗಿ ಸೈಲೆನ್ಸರಿನಲ್ಲಿ ಕಪ್ಪು ಹೊಗೆ ಬರುತ್ತದೆ.

ಹೋಸ್ ಸರಿಯಿದ್ದರೆ ಡೈವರ್ಟರ್ ವಾಲ್ವ್. ಆಕ್ಸಿಲರೇಟರ್ ಬಿಟ್ಟಾಗ ಒತ್ತಡವನ್ನು ತಿರುಗಿಸಿ ಬಿಡುವ ಕವಾಟ ಅದು, ರಬ್ಬರ್ ಪೊರೆಯದಾದರೆ ಹರಿಯುವುದು ಮಾಮೂಲು. ಆಮೇಲೆ ವೇಸ್ಟ್‌ಗೇಟ್: ಹೆಚ್ಚಿನ ಹೊಗೆಯನ್ನು ಟರ್ಬೊ ಮೇಲೆ ಬಿಡದೆ ಪಕ್ಕಕ್ಕೆ ಕಳಿಸುವ ಬಾಗಿಲು. ಅದರ ಕಡ್ಡಿ ತುಕ್ಕು ಹಿಡಿದು ತೆರೆದೇ ಉಳಿದರೆ ಒತ್ತಡ ಏರುವುದಿಲ್ಲ. ಅದನ್ನು ನಡೆಸುವ ಸಣ್ಣ ವ್ಯಾಕ್ಯೂಮ್ ಪೈಪು, ಸೊಲೆನಾಯ್ಡ್ ಎಂಬ ವಿದ್ಯುತ್ ಕವಾಟ ಕೂಡ ನೋಡಿಸಿ. ಹೊಗೆಯನ್ನು ಶುದ್ಧ ಮಾಡುವ ಕೆಟಲಿಟಿಕ್ ಕನ್ವರ್ಟರ್ ಕಟ್ಟಿಕೊಂಡಿದ್ದರೂ ಇದೇ ಲಕ್ಷಣ.

ಇಷ್ಟೂ ಸರಿಯಿದ್ದು ಟರ್ಬೊವೇ ಹೋಗಿದ್ದರೆ, ಅದು ಯಾಕೆ ಹೋಯಿತು ಎಂದು ತಿಳಿಯದೆ ಹೊಸದನ್ನು ಕೂರಿಸಲು ಬಿಡಬೇಡಿ. ಆಯಿಲ್ ತರುವ ಪೈಪು ಹೊಸದು, ಆಯಿಲ್ ಮತ್ತು ಫಿಲ್ಟರ್ ಹೊಸದು, ವಾಪಸ್ ಹೋಗುವ ಪೈಪು ಸ್ವಚ್ಛ. ಇಂಟರ್‌ಕೂಲರಿನೊಳಗೆ ನಿಂತ ಆಯಿಲ್, ರೆಕ್ಕೆಯ ಚೂರು ಎಲ್ಲವನ್ನೂ ತೆಗೆಯಬೇಕು, ಇಲ್ಲವಾದರೆ ಅವು ಇಂಜಿನ್ನಿಗೆ ಹೋಗುತ್ತವೆ. ಆಯಿಲ್ ಜಾಯಿಂಟಿಗೆ ಗ್ಯಾಸ್ಕೆಟ್ ಬಿಟ್ಟು ಸಿಲಿಕೋನ್ ಪೇಸ್ಟ್ ಹಚ್ಚಕೂಡದು, ಉಳಿದ ಪೇಸ್ಟ್ ಒಳಗೆ ಕಳಚಿ ದಾರಿ ಮುಚ್ಚುತ್ತದೆ. ಟರ್ಬೊದ ಆಯಿಲ್ ತೂತಿಗೆ ಹೊಸ ಆಯಿಲ್ ಹನಿಸಿ, ಕೈಯಲ್ಲಿ ಶಾಫ್ಟ್ ತಿರುಗಿಸಿ, ಪೆಟ್ರೋಲ್ ಕಡಿತ ಮಾಡಿ ಕೆಲವು ಸೆಕೆಂಡು ಸೆಲ್ಫ್ ಹೊಡೆದ ಮೇಲೆಯೇ ಸ್ಟಾರ್ಟ್. ಮೊದಲ ಕೆಲವು ನಿಮಿಷ ರೇಸ್ ಮಾಡಬಾರದು.

ಪ್ರಶ್ನೆ: ನನ್ನ ಕಾರು 1,500 ಕಿ.ಮೀ.ಗೆ ಸುಮಾರು 1 ಲೀಟರ್ ಆಯಿಲ್ ಕುಡಿಯುತ್ತಿದೆ. ಟರ್ಬೊ ಕಾರಿಗೆ ಇದು ಮಾಮೂಲಾ?

ಉತ್ತರ: ಕೆಲವು ಕೈಪಿಡಿಗಳು 1,000 ಕಿ.ಮೀ.ಗೆ ಅರ್ಧ ಲೀಟರ್ ತನಕ ಒಪ್ಪುತ್ತವೆ. ಆರೋಗ್ಯವಾಗಿರುವ ಇಂಜಿನ್ ಅಷ್ಟು ಕುಡಿಯುವುದಿಲ್ಲ, ನಿಮ್ಮದಕ್ಕೆ ಕಾರಣ ಹುಡುಕಲೇಬೇಕು. ಸಮತಟ್ಟು ಜಾಗ, ಬಿಸಿ ಇಂಜಿನ್, ಆಫ್ ಮಾಡಿ 5 ನಿಮಿಷ ಬಿಟ್ಟು ಮೇಲಿನ ಗುರುತಿನ ತನಕ ತುಂಬಿ, 1,000 ಕಿ.ಮೀ. ಆದ ಮೇಲೆ ಅದೇ ರೀತಿ ನೋಡಿ ಎಷ್ಟು ಬೇಕಾಯಿತು ಎಂದು ಅಳತೆ ಮಾಡಿ ಹಾಕಿ. ಅಂದಾಜಿನ ಲೆಕ್ಕದ ಮೇಲೆ ಇಂಜಿನ್ ಬಿಚ್ಚಿಸಬೇಡಿ.

ಹೊಗೆ ಯಾವಾಗ ಬರುತ್ತದೆ ಅನ್ನುವುದೇ ಜಾಡು. ರಾತ್ರಿ ನಿಂತು ಬೆಳಗ್ಗೆ ಸ್ಟಾರ್ಟ್ ಮಾಡಿದಾಗ ಒಂದು ಸಲ ನೀಲಿ ಹೊಗೆ ಬಂದು ನಿಂತರೆ ವಾಲ್ವ್ ಸೀಲ್. ಎಳೆಯುವಾಗ ಉದ್ದಕ್ಕೂ ಬಂದರೆ ರಿಂಗ್. ಐದು ನಿಮಿಷ ಐಡ್ಲಿಂಗ್ ಬಿಟ್ಟು ಆಮೇಲೆ ಹೊರಟಾಗ ದಟ್ಟವಾಗಿ ಬಂದರೆ ಟರ್ಬೊ ಸೀಲ್ ಕಡೆ ನೋಡಿ, ವಾಪಸ್ ಹೋಗುವ ಆಯಿಲ್ ಪೈಪು ಕಟ್ಟಿಕೊಂಡರೂ ಹೀಗೇ ಆಗುತ್ತದೆ. ಎಲ್ಲಕ್ಕೂ ಮೊದಲು ಪಿಸಿವಿ ಬದಲಿಸಿ ನೋಡಿ, ಅಗ್ಗದ ಭಾಗ, ಎಷ್ಟೋ ಸಲ ಅಲ್ಲಿಗೇ ನಿಲ್ಲುತ್ತದೆ. ನಿಲ್ಲದಿದ್ದರೆ ಕಂಪ್ರೆಷನ್ ಟೆಸ್ಟ್. ಸಿಲಿಂಡರುಗಳ ನಡುವಿನ ವ್ಯತ್ಯಾಸ 15 ಶೇಕಡಾ ದಾಟಬಾರದು, ಒಂದೇ ಒಂದು ಮಾತ್ರ ತೀರಾ ಕೆಳಗಿದ್ದರೆ ಅದರಲ್ಲೇ ರೋಗ.

ಪ್ರಶ್ನೆ: ಡೈರೆಕ್ಟ್ ಇಂಜೆಕ್ಷನ್ ಕಾರಿನ ವಾಲ್ವ್ ಮೇಲೆ ಕರಿ ಕಟ್ಟುತ್ತದಂತೆ. ಪೆಟ್ರೋಲಿಗೆ ಕ್ಲೀನರ್ ಹಾಕಿದರೆ ಹೋಗುತ್ತದೆಯೇ?

ಉತ್ತರ: ಹೋಗುವುದಿಲ್ಲ. ಪೆಟ್ರೋಲ್ ನೇರವಾಗಿ ಸಿಲಿಂಡರಿಗೆ ಬೀಳುವುದರಿಂದ ಗಾಳಿ ಬರುವ ವಾಲ್ವಿನ ಬೆನ್ನನ್ನು ಅದು ಮುಟ್ಟುವುದೇ ಇಲ್ಲ. ಇಂಜೆಕ್ಟರ್ ತುದಿಗೆ ಆ ಕ್ಲೀನರಿನಿಂದ ಉಪಯೋಗವಿದೆ, ವಾಲ್ವಿಗಿಲ್ಲ. ತಣ್ಣನೆಯ ಸ್ಟಾರ್ಟಿನಲ್ಲಿ ನಡುಗುವುದು, ಮಿಸ್ಸಿಂಗ್ ಕೋಡ್, ಪಿಕಪ್ ಇಳಿಕೆ ಕಂಡು ಪ್ಲಗ್, ಕಾಯಿಲ್ ಸರಿಯಿದ್ದರೆ ಸಿಲಿಂಡರುಗಳಿಗೆ ಗಾಳಿ ಹಂಚುವ ಇನ್‌ಟೇಕ್ ಮ್ಯಾನಿಫೋಲ್ಡ್ ಬಿಚ್ಚಿಸಿ. ವಾಲ್ವ್ ಮುಚ್ಚಿದ ಸ್ಥಿತಿಯಲ್ಲಿಟ್ಟು ವಾಲ್ನಟ್ ಚಿಪ್ಪಿನ ಪುಡಿಯನ್ನು ಗಾಳಿಯೊಂದಿಗೆ ಹೊಡೆದು ಕರಿ ಕೀಳುವುದು ಖಚಿತ ವಿಧಾನ.

ಪ್ರಶ್ನೆ: ಆಫ್ ಮಾಡುವ ಮುನ್ನ ಒಂದು ನಿಮಿಷ ಐಡ್ಲಿಂಗ್ ಬಿಡಬೇಕು ಅನ್ನುತ್ತಾರೆ. ದಿನಾ ಹೇಗೆ ಓಡಿಸಬೇಕು? ಗಟ್ಟಿ ಆಯಿಲ್ ಹಾಕಿದರೆ ಟರ್ಬೊಗೆ ಒಳ್ಳೆಯದೇ?

ಉತ್ತರ: ಬಹುತೇಕ ಈಗಿನ ಟರ್ಬೊಗಳಿಗೆ ಕೂಲೆಂಟ್ ಹರಿವೂ ಇದೆ, ಹಲವು ಕಾರುಗಳಲ್ಲಿ ಆಫ್ ಆದ ಮೇಲೂ ಓಡುವ ಎಲೆಕ್ಟ್ರಿಕ್ ಪಂಪೂ ಇದೆ. ಸಾಧಾರಣ ಓಡಾಟದ ನಂತರ ಕಾಯುವುದು ಬೇಕಿಲ್ಲ. ಹೆದ್ದಾರಿಯಲ್ಲಿ ಜೋರಾಗಿ ಬಂದಿದ್ದರೆ, ಘಾಟ್ ಹತ್ತಿಸಿದ್ದರೆ, ಕೊನೆಯ ಎರಡು ಕಿಲೋಮೀಟರ್ ಹಗುರಾಗಿ ಬನ್ನಿ. ನಿಂತು ಕಾಯುವುದಕ್ಕಿಂತ ಅದು ಒಳ್ಳೆಯದು.

ಆಫ್ ಮಾಡುವುದಕ್ಕಿಂತ ಸ್ಟಾರ್ಟ್ ಮಾಡಿದ ಮೇಲಿನ ನಡೆ ಮುಖ್ಯ. ಕೂಲೆಂಟ್ ಮುಳ್ಳು ಮಧ್ಯಕ್ಕೆ ಬಂದಾಗ ಆಯಿಲ್ ಇನ್ನೂ ಬಿಸಿಯಾಗಿರುವುದಿಲ್ಲ. ಮೊದಲ 10 ಕಿ.ಮೀ. 3,000 ಸುತ್ತು ದಾಟಿಸಬೇಡಿ, ಪೂರ್ತಿ ಒತ್ತಬೇಡಿ.

ಇನ್ನೊಂದು ಅಭ್ಯಾಸವನ್ನು ಇವತ್ತೇ ಬಿಡಬೇಕು: 5ನೇ ಗೇರಿನಲ್ಲಿ 1,500 ಸುತ್ತಿರುವಾಗ ಪೂರ್ತಿ ಆಕ್ಸಿಲರೇಟರ್ ಒತ್ತುವುದು. ಟಾರ್ಕ್ ಇರುವುದರಿಂದ ಗಾಡಿ ಎಳೆದುಬಿಡುತ್ತದೆ, ನಮಗೂ ಹಾಯೆನಿಸುತ್ತದೆ. ಆದರೆ ಕಡಿಮೆ ಸುತ್ತು, ಹೆಚ್ಚು ಒತ್ತಡ ಸೇರಿದಾಗ ಆಯಿಲ್ ಹನಿಯೋ ಕರಿಯ ಕಣವೋ ಕಿಡಿಗೂ ಮೊದಲೇ ಹೊತ್ತಿಕೊಳ್ಳಬಹುದು. ಎಲ್‌ಎಸ್‌ಪಿಐ ಎಂದು ಕರೆಯುವ ಈ ಹೊಡೆತ ಒಂದೇ ಸಲಕ್ಕೆ ಪಿಸ್ಟನ್ ಮುರಿಯಬಲ್ಲದು. ಗೇರ್ ಇಳಿಸಿ, ಆಮೇಲೆ ಒತ್ತಿ. ಆಯಿಲ್ ಒಳಗಿನ ಕ್ಯಾಲ್ಸಿಯಂ ಆಧಾರಿತ ಡಿಟರ್ಜೆಂಟ್ ಇದಕ್ಕೆ ಕುಮ್ಮಕ್ಕು ಕೊಡುತ್ತದೆ ಎಂದು ತಿಳಿದ ಮೇಲೆ ಹೊಸ ದರ್ಜೆಗಳು ಬಂದವು: ಅಮೆರಿಕದ ಪೆಟ್ರೋಲಿಯಂ ಸಂಸ್ಥೆ ಎಪಿಐ 2018ರಲ್ಲಿ ತಂದದ್ದು ಎಸ್‌ಎನ್ ಪ್ಲಸ್, 2020ರಲ್ಲಿ ಎಸ್‌ಪಿ. ಡಬ್ಬಿಯ ಮೇಲೆ ಕಂಪನಿಯ ಅನುಮತಿ ಸಂಖ್ಯೆ ಇರಲಿ, ಎಪಿಐ ದರ್ಜೆ ಹೇಳುವ ಕಾರಾದರೆ ಎಸ್‌ಪಿ ಹುಡುಕಿ. ಕೈಪಿಡಿ ಹೇಳಿದ್ದಕ್ಕಿಂತ ಗಟ್ಟಿ ಆಯಿಲ್ ತಣ್ಣನೆಯ ಸ್ಟಾರ್ಟಿನಲ್ಲಿ ಟರ್ಬೊಗೆ ತಡವಾಗಿ ತಲುಪುತ್ತದೆ, ಬೇಡ.

ಪ್ರಶ್ನೆ: ಕೊನೆಗೂ ಕಾರು ಮನೆಗೆ ಬಂತು. ಮೊದಲ ತಿಂಗಳು ಏನೇನು ಬದಲಿಸಲಿ?

ಉತ್ತರ: ನಿನ್ನೆಯೇ ಸರ್ವಿಸ್ ಆಗಿದೆ ಎಂದರೂ ಆಯಿಲ್, ಆಯಿಲ್ ಫಿಲ್ಟರ್ ಬದಲಿಸಿ. ಹಳೆಯ ಫಿಲ್ಟರ್ ಕತ್ತರಿಸಿ ಮಡಿಕೆಗಳನ್ನು ಬಿಡಿಸಿ ನೋಡಿ, ಲೋಹದ ಮಿಂಚು ಅಥವಾ ರಬ್ಬರ್ ಚೂರು ಸಿಕ್ಕರೆ ಕೂಡಲೇ ಕಾರಣ ಹುಡುಕಿ. ಏರ್ ಫಿಲ್ಟರ್ ಜೊತೆಗೇ ಮಾಡಿ. ಪ್ಲಗ್ ದಾಖಲೆ ಇಲ್ಲದಿದ್ದರೆ ಹೊಸದು ಹಾಕಿಸಿ, ಕೈಪಿಡಿಯಲ್ಲಿರುವ ಗ್ಯಾಪ್ ಮಾತ್ರ. ಟರ್ಬೊದಲ್ಲಿ ಅದು ಸಾಮಾನ್ಯವಾಗಿ 0.6ರಿಂದ 0.8 ಮಿ.ಮೀ. ಒತ್ತಿದ ಗಾಳಿಯಲ್ಲಿ ಕಿಡಿ ಹಾರಲು ಹೆಚ್ಚು ವೋಲ್ಟೇಜ್ ಬೇಕು, ಗ್ಯಾಪ್ ದೊಡ್ಡದಾದರೆ ಎಳೆಯುವಾಗಲೇ ಮಿಸ್ಸಿಂಗ್ ಶುರುವಾಗಿ ಕಾಯಿಲ್ ಸುಡುತ್ತದೆ. ಕೂಲೆಂಟ್, ಬ್ರೇಕ್ ಆಯಿಲ್ ಎರಡನ್ನೂ ಬದಲಿಸಿ ತಾರೀಖು ಬರೆದಿಡಿ.

ಗೇರ್‌ಬಾಕ್ಸ್ ಕೆಳಗಿನ ಟಾರ್ಕ್ ಮೌಂಟಿಂಗ್ ನೋಡಿಸಿ. ಟರ್ಬೊದ ಎಳೆತಕ್ಕೆ ಅದರ ರಬ್ಬರ್ ಬೇಗ ಹರಿಯುತ್ತದೆ. ಆಕ್ಸಿಲರೇಟರ್ ಒತ್ತಿ ಬಿಟ್ಟಾಗ ಧಡ್ ಎಂದರೆ ಅದೇ. ಮುಂದಿನ ಎರಡು ಟೈರುಗಳು ಒಂದೇ ಕಂಪನಿ, ಒಂದೇ ಮಾದರಿ, ಒಂದೇ ಸವೆತದವು ಆಗಿರಲಿ. ಒಂದು ಹೊಸದು ಒಂದು ಹಳೆಯದು ಆದರೆ ಜೋರಾಗಿ ಎಳೆಯುವಾಗ ಸ್ಟೀರಿಂಗ್ ಒಂದು ಕಡೆಗೆ ಜಗ್ಗುತ್ತದೆ. ಟೈರ್ ಗೋಡೆಯ ನಾಲ್ಕು ಅಂಕಿಯಲ್ಲಿ ಮೊದಲೆರಡು ವಾರ, ಕೊನೆಯೆರಡು ವರ್ಷ: 3519 ಅಂದರೆ 2019ರ 35ನೇ ವಾರ.

ಆಯಿಲ್ ಮಟ್ಟವನ್ನು ಮೊದಲ ತಿಂಗಳು ವಾರಕ್ಕೊಮ್ಮೆ ನೋಡಿ, ಆಮೇಲೆ ಪ್ರತಿ 1,000 ಕಿ.ಮೀ.ಗೆ. ಮುಂದಿನ ಆಯಿಲ್ ಚೇಂಜ್ 5,000ಕ್ಕೇ ಮಾಡಿಸಿ, ಹೊಸ ಆಯಿಲ್ ಹಳೆಯ ಗಸಿಯನ್ನು ತೊಳೆದು ತಂದಿರುತ್ತದೆ. ಅಲ್ಲಿಂದ ಮುಂದೆ 7,500ರಿಂದ 10,000 ಕಿ.ಮೀ. ಅಥವಾ ಒಂದು ವರ್ಷ, ಯಾವುದು ಮೊದಲೋ ಅದು.